ಮುಪ್ಪಿನಲ್ಲಿ ಹಚ್ಚಿದ ಬಣ್ಣ

ಜೀವಮಾನವೆಲ್ಲ ಮೈಮುರಿದು ದುಡಿದವನೊಬ್ಬನು ಕಡೆಗಾಲದಲ್ಲಿ ಚಲನಚಿತ್ರದಲ್ಲಿ ನಟಿಸಲು ಹೊರಟರೆ ನಮ್ಮಲ್ಲಿ ಅನೇಕರು ಹುಬ್ಬು ಗಂಟಿಕ್ಕುವುದುಂಟು. ಮುಪ್ಪು ಜಪತಪಗಳಿಗೆ ಮೀಸಲಾದ ಕಾಲ, ವೇಷಕ್ಕಲ್ಲ ಎಂಬುದು ಅವರ ವಾದ. ಇದನ್ನು ಒಪ್ಪುವ ಮೊದಲು ಹನ್ನೆರಡನೆಯ ಶತಮಾನದ ಬಹುರೂಪಿ ಚೌಡಯ್ಯನನ್ನು ನೆನೆಯಬೇಕು. ವೇಷ ಧರಿಸಿ ಜನರ ಮುಂದೆ ಆಡುವುದೇ ಆ ಶರಣನ ಕಾಯಕವಾಗಿತ್ತು. ಕಾಯಕಕ್ಕೆ ನಿವೃತ್ತಿಯ ವಯಸ್ಸನ್ನು ಗೊತ್ತುಮಾಡಿದವರು ಸರಕಾರದವರೇ ಹೊರತು ಶರಣರಲ್ಲ.

ಆದುದರಿಂದ ವೃದ್ಧನು ನಟಿಸಬಹುದೇ ಎಂಬುದು ದೊಡ್ಡ ಪ್ರಶ್ನೆಯೇ ಅಲ್ಲ. ಅವನನ್ನು ನೋಡುವ ನಮ್ಮ ಕಣ್ಣು ಎಂತಹದು ಎಂಬುದೇ ಪ್ರಶ್ನೆ.

ರಾಮ್ ರೆಡ್ಡಿಯವರು ನಿರ್ದೇಶಿಸಿದ 'ತಿಥಿ' ಚಿತ್ರವನ್ನು ಹಲವರು ಕಂಡಿರಬಹುದು. ಮಂಡ್ಯ ಜಿಲ್ಲೆಯ ನೊದೆಕೊಪ್ಪಲಿನಲ್ಲಿ ತಯಾರಾದ ಆ ಚಿತ್ರದಲ್ಲಿ ನಟನೆಯ ಶಿಕ್ಷಣವಿಲ್ಲದ ಹಳ್ಳಿಗರೇ ಪಾತ್ರಧಾರಿಗಳು. ಚನ್ನೇಗೌಡರು 'ಗಡ್ಡಪ್ಪ'ನೆಂದೂ ಸಿಂಗ್ರಿಗೌಡರು 'ಸೆಂಚುರಿ ಗೌಡ'ನೆಂದೂ ಮುಪ್ಪಿನಲ್ಲಿ ನಾಡಿಗೆಲ್ಲ ಪರಿಚಿತರಾದರು. 2015ರಲ್ಲಿ ಚಿತ್ರವು ಸ್ವಿಟ್ಜರ್ಲೆಂಡಿನ ಲೊಕಾರ್ನೊ ಉತ್ಸವದಲ್ಲಿ ಪ್ರಶಸ್ತಿ ಪಡೆಯಿತು; ಬಳಿಕ ರಾಷ್ಟ್ರಪ್ರಶಸ್ತಿಯೂ ಬಂದಿತು. "ಇವರು ನಟಿಸಲೇ ಇಲ್ಲ, ಇದ್ದಂತೆ ಇದ್ದುಬಿಟ್ಟರು" ಎಂದು ಹೊಗಳಿದವರು ಬಹಳ. ಈ ಹೊಗಳಿಕೆಯಲ್ಲಿ ಸಣ್ಣದೊಂದು ಅನ್ಯಾಯ ಅಡಗಿದೆ. ಹತ್ತಾರು ಜನ ಸುತ್ತ ನಿಂತಿರುವಾಗ, ಯಂತ್ರದ ಮುಂದೆ, ಹೇಳಿದ ಕಡೆಯಿಂದ ಹೇಳಿದ ಕಡೆಗೆ ಸಹಜವಾಗಿ ನಡೆಯುವುದು ಸುಲಭವೇ? ಓದುಗರು ಒಮ್ಮೆ ಪ್ರಯತ್ನಿಸಿ ನೋಡಲಿ! ಅದೂ ದುಡಿಮೆ. ನೇಗಿಲು ಹಿಡಿದವನ ಜಾಣ್ಮೆಯನ್ನು ಹುಟ್ಟುಗುಣವೆಂದು ತಳ್ಳಿಹಾಕುವ ನಮ್ಮ ಹಳೆಯ ಚಾಳಿ ಇಲ್ಲಿಯೂ ಬಿಟ್ಟಿಲ್ಲ.

ಕೋಲಾರದ ಚಿನ್ನದ ಗಣಿಯ ಹೆಸರನ್ನೇ ಹೊತ್ತು 2018ರಲ್ಲಿಯೂ 2022ರಲ್ಲಿಯೂ ತೆರೆಕಂಡ 'ಕೆ.ಜಿ.ಎಫ್.' ಚಿತ್ರಗಳನ್ನು ನೋಡುವಾಗ ಈ ಮಾತು ಇನ್ನಷ್ಟು ಚುಚ್ಚುತ್ತದೆ. ಅವುಗಳಲ್ಲಿ ಗಣಿಯಾಳುಗಳ ನಡುವಣ ಕುರುಡ ಮುದುಕನಾಗಿ ಕೃಷ್ಣೋಜಿರಾಯರು ನಟಿಸಿದರು. ಇಳಿವಯಸ್ಸಿನಲ್ಲಿ ದೊರೆತ ಆ ಒಂದು ಪಾತ್ರದಿಂದ ಅವರು ಜನರ ಬಾಯಲ್ಲಿ 'ಕೆ.ಜಿ.ಎಫ್. ತಾತ'ನಾದರು. 2022ರ ಡಿಸೆಂಬರಿನಲ್ಲಿ ಅವರು ತೀರಿಕೊಂಡಾಗ ಮರುಗಿದವರು ಅಸಂಖ್ಯ. ಮರುಗಿದ್ದು ಸರಿಯೇ. ಆದರೆ ಮೂರು ಕಿಲೋಮೀಟರಿಗೂ ಆಳದ ಕಾವಿನಲ್ಲಿ ನಿಜವಾಗಿ ಬಂಡೆ ಕೊರೆದವರು ಇದ್ದರಲ್ಲ! ಕಲ್ಲಿನ ಧೂಳು ಕುಡಿದು ಶ್ವಾಸಕೋಶ ಕೆಡಿಸಿಕೊಂಡವರು, 2001ರ ಫೆಬ್ರವರಿ 28ರಂದು ಗಣಿ ಮುಚ್ಚಿದಾಗ ಬರಿಗೈಯಾದವರು ಅವರು. ಅವರ ಹೆಸರು ನಮ್ಮಲ್ಲಿ ಎಷ್ಟು ಜನರಿಗೆ ಗೊತ್ತು? ಆ ಮನೆಗಳ ಮಕ್ಕಳು ಬಂಗಾರಪೇಟೆಯ ಹಾದಿಯಾಗಿ ಬೆಂಗಳೂರಿಗೆ ರೈಲಿನಲ್ಲಿ ನಿತ್ಯ ದುಡಿಯಲು ಹೋಗಿಬರುತ್ತಾರೆ. ಎದುರಿನ ಆಸನದಲ್ಲಿ ಕುಳಿತ ಕೆಮ್ಮುವ ಮುದುಕನಿಗೆ ನಾವು ಸ್ಥಳ ಬಿಟ್ಟುಕೊಡುತ್ತೇವೆ. ಎಲ್ಲಿ, ಏನು ದುಡಿದಿರಿ ಎಂದು ಕೇಳುವುದಿಲ್ಲ.

ಆ ಚಿತ್ರಕ್ಕಾಗಿ ಕ್ಯಾಮರಾ ಹೂಡಿದ್ದು ಗಣಿಯಿಂದ ತೆಗೆದ ಹುಡಿಮಣ್ಣಿನ ಸೈನೈಡ್ ದಿಬ್ಬಗಳ ಮೇಲೆ. ಚಿತ್ರತಂಡ ಎಂದೋ ಹಿಂದಿರುಗಿತು. ಗಾಳಿಯ ದಿನಗಳಲ್ಲಿ ಆ ದಿಬ್ಬದ ಧೂಳು ಇಂದಿಗೂ ಎದ್ದು, ಸುತ್ತಲಿನ ಕಾರ್ಮಿಕರ ಮನೆಗಳೊಳಗೆ ಇಳಿಯುತ್ತದೆ.