ದಾಟಿದ ಮೇಲೆ ದೋಣಿ



ಹೊಳೆ ದಾಟಿದವನು ತೆಪ್ಪವನ್ನು ತಲೆ ಮೇಲೆ ಹೊತ್ತು ತಿರುಗಬಾರದು ಎಂಬ ಬುದ್ಧರ ಉಪಮೆ ನಮ್ಮ ಬಳಗಕ್ಕೆಲ್ಲ ಗೊತ್ತು. ಅದನ್ನೇ ಹಿಡಿದು ಕೆಲವರು ಕೇಳುತ್ತಾರೆ: "ಧಮ್ಮಕ್ಕೆ ಬಂದಾಯಿತಲ್ಲ ಮೇಷ್ಟ್ರೇ, ಕೇರಿಯ ಹಳೇ ಕಷ್ಟ ಮಕ್ಕಳಿಗೆ ಇನ್ನೂ ಯಾಕೆ ಹೇಳಬೇಕು?"

ಆಗ ನನಗೆ ದೂರದ ಒಂದು ದೋಣಿ ನೆನಪಾಗುತ್ತದೆ. ನ್ಯೂಯಾರ್ಕ್ ಬಂದರಿನ ಎಲ್ಲಿಸ್ ದ್ವೀಪದಲ್ಲಿ 1892ರಿಂದ 1954ರವರೆಗೆ ಸುಮಾರು 1 ಕೋಟಿ 20 ಲಕ್ಷ ವಲಸಿಗರ ತಪಾಸಣೆ ನಡೆಯಿತು. ಮೊದಲ ಮತ್ತು ಎರಡನೇ ದರ್ಜೆಯವರನ್ನು ಸಾಮಾನ್ಯವಾಗಿ ಹಡಗಿನಲ್ಲೇ ನೋಡಿ ಬಿಟ್ಟುಬಿಡುತ್ತಿದ್ದರು. ದ್ವೀಪದಲ್ಲಿ ಸಾಲು ನಿಲ್ಲಬೇಕಾದವರು ಕೆಳದರ್ಜೆಯ ಬಡವರು. ರೋಗದ ಅನುಮಾನ ಬಂದರೆ ಕೋಟಿನ ಮೇಲೆ ಸೀಮೆಸುಣ್ಣದ ಗುರುತು. (ದಿನವೂ ಸೀಮೆಸುಣ್ಣ ಹಿಡಿಯುವ ನನಗೆ ಇದನ್ನು ಓದಿ ಕಸಿವಿಸಿಯಾಯಿತು.)

ಪಾಸಾಗಿ ನಗರಕ್ಕೆ ಹೊರಟವರನ್ನು ಮ್ಯಾನ್‌ಹಟನ್ ದಡ ಮುಟ್ಟಿಸುತ್ತಿದ್ದುದು ದ್ವೀಪದ ಹೆಸರನ್ನೇ ಹೊತ್ತ ಉಗಿದೋಣಿ. 1904ರಲ್ಲಿ ಕಟ್ಟಿದ್ದು, ಐವತ್ತು ವರ್ಷ ಓಡಿತು. 1913ರಲ್ಲಿ ಬಾಬಾಸಾಹೇಬರು ಕೊಲಂಬಿಯಾದಲ್ಲಿ ಓದಲು ನ್ಯೂಯಾರ್ಕಿಗೆ ಬಂದಿಳಿದಾಗಲೂ ಅದು ಆ ಬಂದರಿನಲ್ಲಿ ಓಡಾಡುತ್ತಿತ್ತು.

1954ರಲ್ಲಿ ಕೇಂದ್ರ ಮುಚ್ಚಿತು. ದೋಣಿಯನ್ನು ಅಲ್ಲೇ ಕಟ್ಟಿ ಬಿಟ್ಟರು. 1965ರಲ್ಲಿ ದ್ವೀಪ ರಾಷ್ಟ್ರೀಯ ಸ್ಮಾರಕದ ಭಾಗವಾಯಿತು. ಆದರೂ 1968ರ ಆಗಸ್ಟ್‌ನಲ್ಲಿ ದೋಣಿ ನಿಂತ ಜಾಗದಲ್ಲೇ ಮುಳುಗಿತು. ತಪಾಸಣೆಯ ದೊಡ್ಡ ಕಟ್ಟಡವನ್ನು ಮುಂದೆ ದುರಸ್ತಿ ಮಾಡಿ 1990ರಲ್ಲಿ ಮ್ಯೂಸಿಯಂ ತೆರೆದರು. ಬಡವರನ್ನು ಸಾಲು ನಿಲ್ಲಿಸಿದ ಹಜಾರ ಉಳಿಯಿತು, ಅವರನ್ನು ದಾಟಿಸಿದ ದೋಣಿ ಹೋಯಿತು. ನನಗಿದು ಸರಿ ಕಾಣುವುದಿಲ್ಲ.

ಎಲ್ಲವೂ ಅನಿತ್ಯ, ಹೋದರೆ ಹೋಗಲಿ ಎನ್ನಬಹುದೇ? ದೋಣಿ ಹಳತಾಗುವುದು ಅನಿತ್ಯ, ಒಪ್ಪುತ್ತೇನೆ. ಹದಿನಾಲ್ಕು ವರ್ಷ ಅದನ್ನು ನೀರಿಗೇ ಬಿಟ್ಟದ್ದು ಮನುಷ್ಯರ ತೀರ್ಮಾನ. ತೆಪ್ಪದ ಉಪಮೆಯನ್ನೂ ನಾವು ಅರ್ಧಕ್ಕೇ ನಿಲ್ಲಿಸುತ್ತೇವೆ. ದಾಟಿದವನು ತೆಪ್ಪವನ್ನು ನೀರಿನಲ್ಲಿ ತೇಲಿಬಿಡಬಹುದು, ಇಲ್ಲವೇ ದಡಕ್ಕೆ ಎಳೆದಿಟ್ಟು ಹೋಗಬಹುದು ಎಂದು ಆ ಸುತ್ತದಲ್ಲೇ ಇದೆ. ಅವನು ಒಬ್ಬಂಟಿ, ತೆಪ್ಪ ಅವನೇ ಕಟ್ಟಿಕೊಂಡದ್ದು, ಏನು ಮಾಡಿದರೂ ನಡೆಯುತ್ತದೆ. ನಮ್ಮನ್ನು ದಾಟಿಸಿದ್ದನ್ನು ಕಟ್ಟಿದವರು ಬೇರೆಯವರು. ಅದನ್ನು ತೇಲಿಬಿಡುವ ಹಕ್ಕು ನಮಗೊಬ್ಬರಿಗೇ ಇದೆಯೇ? ದಡಕ್ಕೆ ಎಳೆದಿಟ್ಟರೆ ತಲೆಯೂ ಹಗುರ, ಹಿಂದೆ ಬರುವವರಿಗೆ ನೋಡಲೂ ಸಿಗುತ್ತದೆ.

1956ರ ದೀಕ್ಷೆಯ ಕಾಲ ಕಂಡ ಹಿರಿಯರು ನಮ್ಮ ಮನೆಗಳಲ್ಲಿ ಈಗ ಎಷ್ಟು ಮಂದಿ? ಈ ಭಾನುವಾರ ಅವರ ಹತ್ತಿರ ಕೂತು ಮೊಬೈಲಿನಲ್ಲಾದರೂ ಅವರ ಮಾತು ರೆಕಾರ್ಡ್ ಮಾಡಿ. ಮಕ್ಕಳೂ ಪಕ್ಕದಲ್ಲಿರಲಿ.