ಕೊಲ್ಲುವುದಕ್ಕೆ ಅಪ್ಪಣೆ

ಕಾಶಿಯ ಘಟ್ಟಗಳಿಗೆ ಎದುರಾಗಿ, ಗಂಗೆಯ ಪೂರ್ವತೀರದಲ್ಲಿ ನಿಂತಿರುವ ರಾಮನಗರದ ಕೋಟೆಯನ್ನು ಹದಿನೆಂಟನೆಯ ಶತಮಾನದ ನಡುವಿನಲ್ಲಿ ರಾಜಾ ಬಲವಂತಸಿಂಹನು ಚುನಾರದ ಮರಳುಗಲ್ಲಿನಿಂದ ಕಟ್ಟಿಸಿದನು. ಅದರೊಳಗೆ ವೇದವ್ಯಾಸರ ಗುಡಿಯೊಂದಿದೆ. ಅದೇ ಕೋಟೆಯ ವಸ್ತುಸಂಗ್ರಹಾಲಯದಲ್ಲಿ ಕಾಶೀನರೇಶರ ಮನೆತನದ ಪಲ್ಲಕ್ಕಿ, ಅಂಬಾರಿ, ದಂತದ ಕೆತ್ತನೆಗಳ ಜೊತೆಗೆ ಹಳೆಯ ಕತ್ತಿಕೋವಿಗಳೂ ಇವೆ. ಪಾಂಡುರಾಜನ ಬೇಟೆಯನ್ನೂ ಅದರಿಂದ ಒಂದು ವಂಶಕ್ಕೊದಗಿದ ವಿಪತ್ತನ್ನೂ ಲೋಕಕ್ಕೆ ಹೇಳಿದ ಮಹರ್ಷಿಯ ಸನ್ನಿಧಿಯೂ, ಬೇಟೆಯನ್ನು ರಾಜಲೀಲೆಯೆಂದು ನಂಬಿದ್ದ ಕಾಲದ ಆಯುಧಗಳೂ ಒಂದೇ ಪ್ರಾಕಾರದೊಳಗಿರುವುದನ್ನು ನೆನೆದಾಗ, ಪ್ರಾಣಿಯೊಂದರ ಪ್ರಾಣವನ್ನು ತೆಗೆಯಲು ಮನುಷ್ಯನಿಗೆ ಅಪ್ಪಣೆ ಕೊಡಬಲ್ಲವರು ಯಾರು, ಕೊಟ್ಟರೆ ಆ ಅಪ್ಪಣೆ ಎಷ್ಟರಮಟ್ಟಿಗೆ ಅವನನ್ನು ಕಾಯುತ್ತದೆ ಎಂಬ ಪ್ರಶ್ನೆ ತಾನಾಗಿಯೇ ಏಳುತ್ತದೆ.

ಆ ಕೋವಿಗಳು ಬಳಕೆಯಲ್ಲಿದ್ದಾಗ ಅರಸನ ಮಟ್ಟಿಗೆ ಈ ಪ್ರಶ್ನೆಯೇ ಇರಲಿಲ್ಲ. ಅಪ್ಪಣೆಯ ಮೂಲವೇ ಅವನಾಗಿದ್ದುದರಿಂದ ಅವನು ಹೋಗಿ ಬೇಡಬೇಕಾದ ಬಾಗಿಲು ಬೇರೊಂದಿರಲಿಲ್ಲ. ವಿಂಧ್ಯದ ಅಂಚಿನಲ್ಲಿರುವ ಚಕಿಯಾ ಸೀಮೆಯ ಕಾಡುಗಳು ಕಾಶಿಯ ಅರಸರ ಬೇಟೆಯ ನೆಲೆಯಾಗಿದ್ದವು. 1949ರಲ್ಲಿ ಸಂಸ್ಥಾನವು ಸಂಯುಕ್ತ ಪ್ರಾಂತದಲ್ಲಿ ಸೇರಿಹೋಯಿತು. 1957ರಲ್ಲಿ ಆ ಕಾಡು ಚಂದ್ರಪ್ರಭಾ ಎಂಬ ಹೆಸರಿನ ಅಭಯಾರಣ್ಯವಾಯಿತು. ಗಿರ್ ಕಾಡಿನಿಂದ ಒಂದು ಗಂಡು, ಎರಡು ಹೆಣ್ಣು ಸಿಂಹಗಳನ್ನು ತಂದು ಅಲ್ಲಿ ಬಿಟ್ಟರು. 1965ರ ಹೊತ್ತಿಗೆ ಅವು 11 ಆದವು. ಅದಾದ ಕೆಲವೇ ವರ್ಷಗಳಲ್ಲಿ ಒಂದೂ ಉಳಿಯದಂತೆ ಮರೆಯಾದವು. ಅಭಯವೆಂದು ಕಾಡಿಗೆ ಹೆಸರಿಡುವುದು ಒಂದು, ಆ ಅಭಯವು ಪ್ರಾಣಿಯನ್ನು ಮುಟ್ಟುವುದು ಇನ್ನೊಂದು ಎಂಬುದಕ್ಕೆ ಇದಕ್ಕಿಂತ ಸಮೀಪದ ಸಾಕ್ಷಿ ಬೇಕಿಲ್ಲ.

ಈಗ ಆ ಕಾಡಿನಂಚಿನ ಊರೊಂದರಲ್ಲಿ ಯಾವನಾದರೊಬ್ಬನು, ಜಿಂಕೆಯ ಬೇಟೆಗೆ ಪರವಾನಗಿ ಬೇಕಾದರೆ ಯಾವ ಕಚೇರಿಗೆ ಅರ್ಜಿ ಹಾಕಬೇಕು, ಎಷ್ಟು ಶುಲ್ಕ ತೆರಬೇಕು ಎಂದು ವಿಚಾರಿಸಿದರೆ, ಅಂತಹ ಪರವಾನಗಿಯೇ ಇಲ್ಲವೆಂಬ ಉತ್ತರವೊಂದೇ ಅವನಿಗೆ ದೊರೆಯುತ್ತದೆ. ಕೋವಿಯ ಲೈಸೆನ್ಸು ಬೇರೆ. 1959ರ ಆಯುಧ ಅಧಿನಿಯಮದ ಮೇರೆಗೆ 21 ವರ್ಷ ತುಂಬಿದವನು ಅರ್ಜಿ ಕೊಟ್ಟು, ಪೊಲೀಸರ ವರದಿಯಾದ ಮೇಲೆ, ಆತ್ಮರಕ್ಷಣೆಗೋ ಬೆಳೆಯ ರಕ್ಷಣೆಗೋ ಅದನ್ನು ಪಡೆಯಬಹುದು. ಆದರೆ ಕೋವಿಯನ್ನು ಮನೆಯಲ್ಲಿಟ್ಟುಕೊಳ್ಳಲು ಒಪ್ಪಿದ ಕಾಗದವು ಅದನ್ನು ಮೃಗದ ಕಡೆಗೆ ತಿರುಗಿಸಲು ಒಪ್ಪಿದಂತಾಗುವುದಿಲ್ಲ.

ಮೊದಲು ಹೀಗಿರಲಿಲ್ಲ. 1972ರಲ್ಲಿ ವನ್ಯಜೀವಿ ಸಂರಕ್ಷಣಾ ಅಧಿನಿಯಮವು ಹೊರಬಂದಾಗ, ಮೊದಲನೆಯ ಅನುಸೂಚಿಯ ಪ್ರಾಣಿಗಳಿಗೆ ಪೂರ್ಣ ರಕ್ಷಣೆಯನ್ನು ವಿಧಿಸಿ, ಉಳಿದ ಕೆಲವಕ್ಕೆ ವಿಶೇಷ ಬೇಟೆ, ದೊಡ್ಡ ಬೇಟೆ, ಸಣ್ಣ ಬೇಟೆ, ಬಲೆಯೊಡ್ಡಿ ಹಿಡಿಯುವುದು ಎಂದು ನಾಲ್ಕು ಬಗೆಯ ಪರವಾನಗಿಗಳನ್ನು ಅದು ಇಟ್ಟುಕೊಂಡಿತ್ತು. ಆ ಪರವಾನಗಿಯ ಜೊತೆಗೆ ಬರುತ್ತಿದ್ದ ನಿಬಂಧನೆಗಳನ್ನು ನಿಧಾನವಾಗಿ ಓದಬೇಕು. ವಿಶೇಷ ಅನುಮತಿಯಿಲ್ಲದೆ ಮರಿಯನ್ನಾಗಲಿ, ಹೆಣ್ಣನ್ನಾಗಲಿ, ಕೊಂಬು ಇನ್ನೂ ಬಲಿಯದೆ ಅದರ ಮೇಲೆ ಮೆತ್ತನೆಯ ತೊಗಲು ಹೊದ್ದಿರುವ ಜಿಂಕೆಯನ್ನಾಗಲಿ ಹೊಡೆಯಕೂಡದು. ವಾಹನದಲ್ಲಿ ಕುಳಿತು ಬೇಟೆಯಾಡಕೂಡದು; ಪ್ರಾಣಿಯನ್ನು ಹೊರಡಿಸಲೆಂದು ಪೊದೆಗೆ ಬೆಂಕಿಯಿಡಕೂಡದು; ಸೂರ್ಯಾಸ್ತದಿಂದ ಸೂರ್ಯೋದಯದವರೆಗೆ ಕೋವಿಯೆತ್ತಕೂಡದು; ಪ್ರಾಣಿಗಳು ಉಪ್ಪುಮಣ್ಣು ನೆಕ್ಕುವ ತಾಣದಲ್ಲಾಗಲಿ, ನೀರಿಗಿಳಿಯುವ ಹಾದಿಯಲ್ಲಾಗಲಿ ಹೊಂಚುಹಾಕಕೂಡದು. ನಿಷಿದ್ಧ ಋತುವಿನಲ್ಲಿ ಪರವಾನಗಿ ಕೈಯಲ್ಲಿದ್ದರೂ ಇಲ್ಲದಂತೆಯೇ. ಕೊಂದದ್ದರ ಲೆಕ್ಕವನ್ನು ಬರೆದಿಟ್ಟು ಅಧಿಕಾರಿಗೆ ತಿಳಿಸಬೇಕು.

ಕಾನೂನಿನ ಒಣಭಾಷೆಯಲ್ಲಿ ಬರೆದಿಟ್ಟ ಈ ವಾಕ್ಯಗಳ ಹಿಂದೆ ಬಹುಪುರಾತನವಾದ ಒಂದು ಧರ್ಮಸೂಕ್ಷ್ಮವು ಅಡಗಿದೆಯೆಂದು ನನಗೆ ತೋರುತ್ತದೆ. ರಾಮನಗರದಲ್ಲಿ ಪ್ರತಿವರ್ಷವೂ ಸುಮಾರು ಒಂದು ತಿಂಗಳ ಕಾಲ, ಧ್ವನಿವರ್ಧಕಗಳ ಹಂಗಿಲ್ಲದೆ, ಕಾಶೀನರೇಶರ ಸಮ್ಮುಖದಲ್ಲಿ ನಡೆಯುವ ರಾಮಲೀಲೆಯನ್ನು ನೋಡಲು ಬರುವ ಸಹಸ್ರಾರು ಜನರಿಗೆ, ರಾಮಕಥೆಯ ಎರಡು ಮಹಾದುಃಖಗಳೂ ಬೇಟೆಯಿಂದಲೇ ಹುಟ್ಟಿದವೆಂಬುದು ಗೊತ್ತಿರುತ್ತದೆ. ಹೊನ್ನಿನ ಜಿಂಕೆಯ ಬೆನ್ನುಹತ್ತಿದ್ದರಿಂದ ಸೀತಾವಿಯೋಗ. ಅದಕ್ಕೂ ಬಹುಹಿಂದೆ, ತರುಣನಾದ ದಶರಥನು ಇರುಳಿನಲ್ಲಿ, ಸರಯೂತೀರದಲ್ಲಿ, ನೀರಿಗೆ ಬರುವ ಪ್ರಾಣಿಗಾಗಿ ಹೊಂಚುಹಾಕಿ ಕುಳಿತು, ಕೊಡ ತುಂಬುವ ಸದ್ದನ್ನು ಆನೆಯ ಸದ್ದೆಂದು ಬಗೆದು ಬಾಣವನ್ನು ಬಿಟ್ಟದ್ದರಿಂದ ಪುತ್ರಶೋಕದ ಶಾಪ. ಇರುಳು, ನೀರಿನ ತಾಣ: 1972ರ ಶಾಸನವು ನಿಷೇಧಿಸಿದ ಎರಡು ಸಂದರ್ಭಗಳೂ ಆ ಒಂದು ಬಾಣದಲ್ಲಿ ಕೂಡಿಬಂದಿದ್ದವು.

ಪಾಂಡುವಿನ ಪ್ರಸಂಗವು ಇನ್ನೂ ತೀಕ್ಷ್ಣವಾಗಿದೆ. ಜಿಂಕೆಯ ರೂಪದಲ್ಲಿ ಪತ್ನಿಯೊಡನೆ ಕೂಡಿದ್ದ ಕಿಂದಮ ಋಷಿಯನ್ನು ಅವನು ಹೊಡೆದುರುಳಿಸಿದಾಗ, ಸಾಯುತ್ತಿರುವ ಋಷಿಗೆ ಅರಸನು ಕೊಟ್ಟ ಸಮಾಧಾನವೆಲ್ಲವೂ ಅಪ್ಪಣೆಯ ಮಾತೇ ಆಗಿತ್ತು: ಮೃಗಗಳ ವಧೆ ರಾಜರಿಗೆ ವಿಹಿತವಾದದ್ದು, ಅಗಸ್ತ್ಯನೇ ಹಿಂದೆ ಕಾಡಿನ ಮೃಗಗಳನ್ನು ದೇವತೆಗಳಿಗೆ ಪ್ರೋಕ್ಷಿಸಿಬಿಟ್ಟಿದ್ದಾನೆ, ಆದ್ದರಿಂದ ನನ್ನಲ್ಲಿ ದೋಷವೆಲ್ಲಿ ಎಂದು. ಋಷಿಯು ಈ ಅಪ್ಪಣೆಯನ್ನು ಅಲ್ಲಗಳೆಯುವುದಿಲ್ಲ. ಜಿಂಕೆಯನ್ನು ಕೊಂದದ್ದಕ್ಕಾಗಿ ನಾನು ನಿನ್ನನ್ನು ನಿಂದಿಸುತ್ತಿಲ್ಲ, ಸಂಗಮದ ಹೊತ್ತು ಮುಗಿಯುವವರೆಗೆ ನೀನು ಕಾಯದೆ ಹೋದೆಯಲ್ಲಾ ಎಂಬುದೇ ಅವನ ಆಕ್ಷೇಪ. ಪರವಾನಗಿಯನ್ನು ಹೊಂದಿದ್ದವನು ಅದರ ನಿಬಂಧನೆಯನ್ನು ಮೀರಿದ್ದನು. ಒಂದು ಗಳಿಗೆಯ ಸಂಯಮ ಸಾಕಾಗಿದ್ದ ಕಡೆಯಲ್ಲಿ ಅದನ್ನು ತೋರದೆ ಹೋದದ್ದು ಎಷ್ಟು ದೊಡ್ಡ ಅಪರಾಧವೆಂಬುದನ್ನು ವ್ಯಾಸರು ಒಂದು ಇಡೀ ಕುಲದ ಚರಿತ್ರೆಯಿಂದ ಅಳೆದು ತೋರಿಸಿದರು.

ಆದರೂ ನಿಬಂಧನೆಗಳನ್ನು ಪಾಲಿಸಿಯೇ ಕೊಂದರೆ ಏನು ಎಂಬ ಮೂಲಪ್ರಶ್ನೆ ಉಳಿದೇ ಇದೆ. ಮನುವು ಮೃಗಯೆಯನ್ನು ರಾಜರ ಕಾಮಜ ವ್ಯಸನಗಳಲ್ಲಿ ಮೊದಲು ಎಣಿಸಿದನು. ಕೌಟಿಲ್ಯನು ಅದನ್ನು ಜೂಜಿಗಿಂತ ಮೇಲೆಂದು ಎತ್ತಿಹಿಡಿದು, ಮೈಯ ಬೊಜ್ಜು ಕರಗುತ್ತದೆ, ಚಲಿಸುವ ಗುರಿಯಲ್ಲಿ ಕೈ ಪಳಗುತ್ತದೆ, ಮೃಗಗಳ ಕೋಪಭಯಗಳ ಅರಿವಾಗುತ್ತದೆ ಎಂದನು. ಈ ಕಾರಣಗಳಲ್ಲಿ ಒಂದಾದರೂ ಸಾಯುವ ಮೃಗದ ಕಡೆಯಿಂದ ನೋಡಿ ಹೇಳಿದ್ದಲ್ಲ. ಈ ನೋಟವನ್ನು ಬದಲಿಸಿದ ಕಥೆಯೊಂದು ರಾಮನಗರದಿಂದ ಹೊಳೆ ದಾಟಿ ಕೆಲವು ಹರಿದಾರಿ ಹೋದರೆ ಸಿಗುವ ಸಾರನಾಥದ ಮೃಗದಾವಕ್ಕೆ ಸೇರಿದ್ದು. ಚೀನದ ಯಾತ್ರಿಕ ಹ್ಯೂಯೆನ್‌ತ್ಸಾಂಗನು ಅಲ್ಲಿಯೇ ಅದನ್ನು ಕೇಳಿ ಬರೆದಿಟ್ಟನು, ಪಾಳಿ ಜಾತಕಗಳಲ್ಲಿ ಅದು ನಿಗ್ರೋಧಮೃಗನ ಕಥೆಯಾಗಿ ಬಂದಿದೆ.

ವಾರಾಣಸಿಯ ಅರಸ ಬ್ರಹ್ಮದತ್ತನಿಗೆ ದಿನವೂ ಬೇಟೆಯ ಹುಚ್ಚು. ಪ್ರಜೆಗಳು ತಮ್ಮ ಕೆಲಸ ಬಿಟ್ಟು ಅವನ ಹಿಂದೆ ಅಲೆಯಬೇಕಾಗಿದ್ದುದರಿಂದ ಬೇಸತ್ತು, ಕಾಡಿನ ಜಿಂಕೆಗಳನ್ನೆಲ್ಲ ಅಟ್ಟಿತಂದು ಉದ್ಯಾನದೊಳಗೆ ಕೂಡಿ ಬಾಗಿಲಿಕ್ಕಿಬಿಟ್ಟರು. ನಿಗ್ರೋಧ, ಶಾಖ ಎಂಬ ಎರಡು ಮೃಗರಾಜರ ಹಿಂಡುಗಳು ಅಲ್ಲಿದ್ದವು. ದಿನಕ್ಕೊಂದನ್ನು ಕೊಲ್ಲಲು ಹೊರಟಾಗ ಹತ್ತು ಗಾಯಗೊಳ್ಳುತ್ತಿದ್ದವಾದ್ದರಿಂದ, ಎರಡು ಹಿಂಡುಗಳೂ ಸರದಿಯನ್ನು ಗೊತ್ತುಮಾಡಿಕೊಂಡವು; ಸರದಿ ಬಂದ ಜಿಂಕೆ ತಾನಾಗಿ ಹೋಗಿ ವಧೆಯ ಕೊರಡಿನ ಮೇಲೆ ಕತ್ತನ್ನಿಡುತ್ತಿತ್ತು. ದಿನಕ್ಕೆ ಇಷ್ಟೇ ಎಂಬ ಮಿತಿಯೂ, ವ್ಯರ್ಥಹಿಂಸೆಯಿಲ್ಲದ ಕ್ರಮವೂ ಏರ್ಪಟ್ಟವು. ಇಂದಿನ ಪರದೇಶಗಳ ಬೇಟೆಯ ಇಲಾಖೆಗಳು ಮಾಡುವ ವ್ಯವಸ್ಥೆಗಿಂತ ಇದು ಬಹಳ ಬೇರೆಯೇನೂ ಅಲ್ಲ. ಒಂದು ದಿನ ಶಾಖನ ಹಿಂಡಿನ ಗಬ್ಬದ ಜಿಂಕೆಗೆ ಸರದಿ ಬಂತು. ಮರಿ ಹಾಕಿದ ಮೇಲೆ ಇಬ್ಬರೂ ಸರದಿಗೆ ಬರುತ್ತೇವೆಂದು ಅದು ಬೇಡಿದರೂ ಶಾಖನು ಒಪ್ಪಲಿಲ್ಲ. ಅದು ನಿಗ್ರೋಧನ ಬಳಿಗೆ ಹೋಯಿತು. ಅವನು ಅದನ್ನು ಹಿಂದಕ್ಕೆ ಕಳುಹಿಸಿ, ತಾನೇ ಹೋಗಿ ಕೊರಡಿನ ಮೇಲೆ ತಲೆಯಿಟ್ಟು ಮಲಗಿದನು. ಅರಸನಿಂದ ಮೊದಲೇ ಅಭಯ ಪಡೆದಿದ್ದ ಮೃಗರಾಜನನ್ನು ಅಲ್ಲಿ ಕಂಡು ಬೆಚ್ಚಿದ ಅಡಿಗೆಯವನು ಅರಸನನ್ನು ಕರೆತಂದನು. ಅರಸನು ನಿಗ್ರೋಧನಿಗೂ ಆ ಗಬ್ಬದ ಜಿಂಕೆಗೂ ಅಭಯ ಕೊಟ್ಟನು. ಉಳಿದವುಗಳ ಗತಿಯೇನು ಎಂದು ನಿಗ್ರೋಧನು ಕೇಳಿದನು. ಉದ್ಯಾನದ ಜಿಂಕೆಗಳಿಗೆಲ್ಲ ಅಭಯ ದೊರೆಯಿತು. ಹೊರಗಿನ ಜಿಂಕೆಗಳು? ಬೇರೆ ಚತುಷ್ಪಾದಿಗಳು? ಹಕ್ಕಿಗಳು? ನೀರಿನ ಮೀನುಗಳು? ಒಂದೊಂದು ಪ್ರಶ್ನೆಗೂ ಅರಸನು ಒಂದೊಂದು ಹೆಜ್ಜೆ ಮುಂದಿಟ್ಟನು.

ನಮ್ಮ ಶಾಸನವು ನಡೆದ ದಾರಿಯೂ ಇದೇ ಅಲ್ಲವೆ? ಮೊದಲು ಮಿತಿ, ಅದರೊಂದಿಗೇ ಹೆಣ್ಣಿಗೂ ಮರಿಗೂ ವಿನಾಯಿತಿ, ಕೊನೆಗೆ 1991ರ ತಿದ್ದುಪಡಿಯಿಂದ ಬೇಟೆಯ ಪರವಾನಗಿಯೇ ರದ್ದು. ಅಶೋಕನು ವಿಹಾರಯಾತ್ರೆಯ ಬೇಟೆಯನ್ನು ಬಿಟ್ಟು ಧರ್ಮಯಾತ್ರೆಗೆ ಹೊರಟದ್ದು, ಪಟ್ಟಾಭಿಷೇಕದ 26ನೆಯ ವರ್ಷದಲ್ಲಿ ಅವಧ್ಯ ಪ್ರಾಣಿಗಳ ಪಟ್ಟಿಯನ್ನು ಸ್ತಂಭಗಳಲ್ಲಿ ಕೆತ್ತಿಸಿ, ಗಬ್ಬದ ಮತ್ತು ಹಾಲೂಡುವ ಆಡು, ಕುರಿ, ಹಂದಿಗಳನ್ನು ಕೊಲ್ಲಬಾರದೆಂದೂ ಕಾಡಿಗೆ ವೃಥಾ ಬೆಂಕಿಯಿಡಬಾರದೆಂದೂ ವಿಧಿಸಿದ್ದು ಇದೇ ದಾರಿಯ ನಡುವಿನ ಮೈಲಿಗಲ್ಲುಗಳು.

ಇದಕ್ಕೆ ಎದುರಾದ ವಾದವನ್ನು ಅಲಕ್ಷಿಸುವುದು ನ್ಯಾಯವಲ್ಲ. ಅಮೆರಿಕದ ರಾಜ್ಯಗಳಲ್ಲಿ ಬೇಟೆಗಾರನು ಸುರಕ್ಷತೆಯ ಪಾಠ ಕಲಿತು, ಶುಲ್ಕ ತೆತ್ತು, ಋತುವನ್ನೂ ಸಂಖ್ಯೆಯನ್ನೂ ಪಾಲಿಸಿ ಬೇಟೆಯಾಡುತ್ತಾನೆ. 1937ರ ಅಲ್ಲಿಯ ಶಾಸನದಿಂದ ಕೋವಿಮದ್ದುಗಳ ಮೇಲಿನ ತೆರಿಗೆಯ ಹಣವು ವನ್ಯಜೀವಿಗಳ ರಕ್ಷಣೆಗೇ ಹೋಗುತ್ತದೆ. ಅಲ್ಲಿ ನೆಲೆಸಿದ ನಮ್ಮವರು ಇದನ್ನು ಕಂಡು, ಕೊಲ್ಲುವ ಅಪ್ಪಣೆಯಿಂದಲೇ ಕಾಡು ಉಳಿಯುವುದಾದರೆ ತಪ್ಪೇನು ಎಂದು ಕೇಳುವುದುಂಟು. ಕಾಡಿನ ಲೆಕ್ಕದಲ್ಲಿ ಅದಕ್ಕೆ ಬೆಲೆಯಿದೆ. ಆದರೆ ಕೊಲ್ಲುವವನ ಅಂತಃಕರಣದ ಲೆಕ್ಕ ಬೇರೆ. 1209ರಲ್ಲಿ ಜನ್ನನು ಬರೆದ ಯಶೋಧರ ಚರಿತೆಯಲ್ಲಿ ಅರಸನು ಕೊಂದದ್ದು ಜೀವವಿಲ್ಲದ ಹಿಟ್ಟಿನ ಕೋಳಿಯನ್ನು. ಆದರೂ ಕೊಲ್ಲುವ ಸಂಕಲ್ಪವಿದ್ದ ಕಾರಣ ಅವನೂ ಅವನ ತಾಯಿಯೂ ಜನ್ಮಜನ್ಮಾಂತರಗಳಲ್ಲಿ ಪ್ರಾಣಿಗಳಾಗಿ ಹುಟ್ಟಿ ಬೇಯಬೇಕಾಯಿತು. ಶಾಸನವು ಕೈಯನ್ನು ಬಿಡುಗಡೆ ಮಾಡಬಲ್ಲದು. ಸಂಕಲ್ಪವನ್ನು ತೊಳೆಯುವ ಮೊಹರು ಯಾವ ಸರಕಾರದ ಬಳಿಯಲ್ಲೂ ಇಲ್ಲ.

ಪಾರ್ಶ್ವನಾಥನು ಹುಟ್ಟಿದ ವಾರಾಣಸಿಯಲ್ಲಿ ನಿಂತು ಜೈನರ ವಿವೇಚನೆಯನ್ನು ನೆನೆಯುವುದು ಉಚಿತ. ಬೇಕೆಂದೇ ಮಾಡುವ ಹಿಂಸೆ, ಮನೆವಾರ್ತೆಯಲ್ಲಿ ಆಗುವ ಹಿಂಸೆ, ವೃತ್ತಿಯಲ್ಲಿ ಆಗುವ ಹಿಂಸೆ, ಎದುರಿಸಿ ನಿಲ್ಲುವಾಗ ಆಗುವ ಹಿಂಸೆ ಎಂದು ನಾಲ್ಕಾಗಿ ವಿಂಗಡಿಸಿ, ಗೃಹಸ್ಥನು ಮೊದಲನೆಯದನ್ನು ಸರ್ವಥಾ ಬಿಡಬೇಕು, ಉಳಿದವನ್ನು ಆದಷ್ಟು ಕಡಿಮೆ ಮಾಡಬೇಕು ಎಂದರು. ನಮ್ಮ ಅಧಿನಿಯಮದ 11ನೆಯ ಪ್ರಕರಣವು ಇದೇ ಗೆರೆಯ ಮೇಲೆ ನಡೆಯುತ್ತದೆ. ಮನುಷ್ಯನ ಜೀವಕ್ಕೆ ಅಪಾಯವಾದಾಗ, ಕೆಲವು ಪ್ರಾಣಿಗಳ ವಿಷಯದಲ್ಲಿ ನಿಂತ ಬೆಳೆ ಹಾಳಾಗುತ್ತಿರುವಾಗಲೂ, ಅಧಿಕಾರಿಯು ಕಾರಣವನ್ನು ಬರೆದು ಅಪ್ಪಣೆ ಕೊಡಬಹುದು. ತನ್ನನ್ನೋ ಇನ್ನೊಬ್ಬನನ್ನೋ ಉಳಿಸಲು ಸದ್ಭಾವದಿಂದ ಕೊಂದವನು ಅಪರಾಧಿಯಲ್ಲ. ಕೊಂದ ಪ್ರಾಣಿ ಮಾತ್ರ ಸರಕಾರದ್ದು; ಮಾಂಸವೂ ತೊಗಲೂ ಕೊಂದವನಿಗೆ ದಕ್ಕುವುದಿಲ್ಲ. ಭೋಗದ ಆಸೆಯನ್ನು ಹೀಗೆ ಬೇರ್ಪಡಿಸಿದ್ದನ್ನು ನಾನು ಈ ಶಾಸನದ ಅತ್ಯಂತ ಧಾರ್ಮಿಕವಾದ ವಾಕ್ಯವೆಂದು ಎಣಿಸುತ್ತೇನೆ.

ನಮ್ಮ ಕೊಡಗಿನಲ್ಲಿ ಕೊಡವರಿಗೂ ಜಮ್ಮಾ ಭೂಮಿಯ ಹಿಡುವಳಿದಾರರಿಗೂ ಕೋವಿಯ ಲೈಸೆನ್ಸಿನಿಂದ ವಿನಾಯಿತಿಯಿದೆ. 1861ರಿಂದ ಬಂದ ಆ ಹಕ್ಕು ಈಗ 2029ರವರೆಗೆ ಮುಂದುವರಿದಿದೆ. ಕೈಲು ಮುಹೂರ್ತದ ಹಬ್ಬದ ದಿನ ಮನೆಯ ಕೋವಿಗಳನ್ನು ತೊಳೆದೊರೆಸಿ ಸಾಲಾಗಿಟ್ಟು, ತೋಕ್ ಪೂ ಎಂಬ ಹೂವಿನಿಂದ ಸಿಂಗರಿಸಿ ಪೂಜಿಸುತ್ತಾರೆ. ಹಿಂದೆ ಅದಾದ ಮೇಲೆ ಬೇಟೆಗೆ ಹೊರಡುತ್ತಿದ್ದರು; ಈಗ ಎತ್ತರದಲ್ಲಿ ಕಟ್ಟಿದ ತೆಂಗಿನಕಾಯಿಗೆ ಗುರಿಯಿಡುತ್ತಾರೆ. ಶೌರ್ಯವೂ ಹಿರಿಯರ ಸ್ಮರಣೆಯೂ ಉಳಿದು, ಕೊಲೆ ಮಾತ್ರ ಕಳಚಿಹೋಗಿರುವುದನ್ನು ನೋಡಿ ನನ್ನ ಮನಸ್ಸು ತುಂಬಿಬರುತ್ತದೆ.

ಜಾತಕದ ಕಥೆಗೆ ಇನ್ನೊಂದು ಭಾಗವಿದೆ. ಅದನ್ನು ಹೇಳುವವರು ಕಡಿಮೆ. ಅಭಯ ಪಡೆದ ಜಿಂಕೆಗಳು ಹೊಲಗಳಿಗೆ ನುಗ್ಗಿ ಪೈರನ್ನು ತಿನ್ನತೊಡಗಿದವು. ರೈತರು ಹೊಡೆಯಲಾರದೆ ಅರಮನೆಯ ಅಂಗಳಕ್ಕೆ ಬಂದು ದೂರಿದರು. ರಾಜ್ಯವನ್ನು ಬಿಟ್ಟೇನು, ಕೊಟ್ಟ ಮಾತನ್ನು ಬಿಡಲಾರೆ ಎಂದು ಅರಸನೆಂದನು. ಇದನ್ನು ಕೇಳಿದ ನಿಗ್ರೋಧನು ಇನ್ನೊಬ್ಬರ ಬೆಳೆಯನ್ನು ಮುಟ್ಟಬೇಡಿರೆಂದು ತನ್ನ ಹಿಂಡಿಗೆ ವಿಧಿಸಿ, ಹೊಲದಂಚಿನಲ್ಲಿ ಎಲೆಗಳನ್ನು ಕಟ್ಟಿ ಗುರುತು ಮಾಡಿದರೆ ಸಾಕೆಂದು ರೈತರಿಗೆ ಹೇಳಿಕಳುಹಿಸಿದನು. ಇಂದು ಗಂಗೆಯ ಬಯಲಿನಲ್ಲಿ ನೀಲಗಾಯಿಗಳ ಹಿಂಡು ಒಂದೇ ರಾತ್ರಿಯಲ್ಲಿ ತುಳಿದುಹಾಕುವ ಹೊಲಕ್ಕೂ, ಮಲೆನಾಡಿನಲ್ಲಿ ಕಾಡುಹಂದಿ ಬಗೆದುಹಾಕುವ ಗದ್ದೆಗೂ ನಿಗ್ರೋಧನಿಲ್ಲ. ಹಾಗಾದರೆ ಅವನ ಕೆಲಸವನ್ನು ಅಭಯ ಕೊಟ್ಟವರೇ ಹೊರಬೇಕಾಗುತ್ತದೆ. ಮೃಗಕ್ಕೆ ಅಭಯವನ್ನು ಇಡೀ ದೇಶದ ಹೆಸರಿನಲ್ಲಿ ಕೊಟ್ಟು, ಅದರ ಬೆಲೆಯನ್ನು ಕಾಡಿನಂಚಿನ ಬಡರೈತನೊಬ್ಬನಿಂದಲೇ ಪಡೆಯುವುದು ಧರ್ಮವಲ್ಲ. ಕರ್ನಾಟಕದಲ್ಲಿ ಅರಣ್ಯ ಇಲಾಖೆಯು ಬೆಳೆಹಾನಿಗೆ ಪರಿಹಾರ ಕೊಡುವ ಏರ್ಪಾಡಿದೆ. ಆ ಹಣವು ಹಾನಿಗೆ ತಕ್ಕಷ್ಟಿರಲಿ. ಅರ್ಜಿ ಹಿಡಿದು ಕಚೇರಿಯಿಂದ ಕಚೇರಿಗೆ ಅಲೆಯುವ ಕಷ್ಟ ರೈತನಿಗೆ ತಪ್ಪಲಿ. ಮುಂದಿನ ಬಿತ್ತನೆಗೆ ಮೊದಲೇ ಅದು ಅವನ ಕೈಸೇರಲಿ. ಬೇಟೆಯ ಪರವಾನಗಿಯನ್ನು ರದ್ದುಮಾಡಿದ ಸರಕಾರಗಳಲ್ಲಿ ನನ್ನ ಪ್ರಾರ್ಥನೆ ಇಷ್ಟೇ.