ಮಕ್ಕಳಿದ್ದವಳಿಗೆ ಇದೆಲ್ಲ ಬೇಕಿತ್ತೇ?

ಮನೆ ಮಕ್ಕಳಿರುವ ಹೆಣ್ಣು ಊರ ಉಸಾಬರಿಗೆ ಹೋಗಬಾರದೆಂದು ನಮ್ಮ ಹಿರಿಯರು ಹೇಳುತ್ತ ಬಂದಿದ್ದಾರೆ. ಆ ಮಾತಿನಲ್ಲಿ ತಿರಸ್ಕಾರಕ್ಕಿಂತ ಭಯ ಹೆಚ್ಚು. ಭಯದ ಹಿಂದೆ ಪ್ರೀತಿಯೂ ಇದೆ. ಆದ್ದರಿಂದಲೇ ಅದನ್ನು ಸುಲಭವಾಗಿ ತಳ್ಳಿಹಾಕಲಾಗದು. ರಷ್ಯಾದ ಪತ್ರಕರ್ತೆ ಅನ್ನಾ ಪೊಲಿಟ್ಕೋವ್‌ಸ್ಕಾಯಾಳ ಬದುಕನ್ನು ನೆನೆದಾಗಲೆಲ್ಲ ಈ ಮಾತು ನನ್ನನ್ನು ಕಾಡುತ್ತದೆ.

ಅನ್ನಾ ಹುಟ್ಟಿದ್ದು 1958ರಲ್ಲಿ, ಸೋವಿಯತ್ ರಾಜತಾಂತ್ರಿಕರ ಕುಟುಂಬದಲ್ಲಿ. ಇಬ್ಬರು ಮಕ್ಕಳ ತಾಯಿ. ಬೇಕೆಂದಿದ್ದರೆ ತಣ್ಣಗೆ ಬಾಳಬಹುದಿತ್ತು. ಆದರೆ 1999ರಲ್ಲಿ ಮಾಸ್ಕೋದ 'ನೋವಾಯಾ ಗಜೇಟಾ' ಪತ್ರಿಕೆಯನ್ನು ಸೇರಿದಳು. ಅದೇ ವರ್ಷ ಚೆಚೆನ್ಯಾದಲ್ಲಿ ಎರಡನೆಯ ಯುದ್ಧ ಶುರುವಾಯಿತು. ದೊಡ್ಡ ಟಿವಿ ಸಂಸ್ಥೆಗಳು ಒಂದೊಂದಾಗಿ ಸರ್ಕಾರದ ಹಿಡಿತಕ್ಕೆ ಹೋಗುತ್ತಿದ್ದ ಕಾಲವದು. ಅನ್ನಾ ಮಾತ್ರ ಮತ್ತೆ ಮತ್ತೆ ಚೆಚೆನ್ಯಾಕ್ಕೆ ಹೋದಳು.

ಆಕೆ ಅಲ್ಲಿಂದ ತಂದದ್ದು ಸೇನಾಪತಿಗಳ ಹೇಳಿಕೆಗಳನ್ನಲ್ಲ. ಸೈನಿಕರು ಎಳೆದೊಯ್ದ ಮಗನಿಗಾಗಿ ಹುಡುಕುವ ಚೆಚೆನ್ ತಾಯಿಯ ಮಾತನ್ನು ತಂದಳು. ಸತ್ತ ಮಗನ ದೇಹಕ್ಕಾಗಿ ಕಚೇರಿಯಿಂದ ಕಚೇರಿಗೆ ಅಲೆಯುವ ರಷ್ಯನ್ ತಾಯಿಯ ಮಾತನ್ನೂ ತಂದಳು. ಎರಡೂ ಕಡೆಯ ಕಣ್ಣೀರು ಒಂದೇ ಪುಟದಲ್ಲಿ ಅಚ್ಚಾಯಿತು. ಬಾಂಬು ಬೀಳುತ್ತಿದ್ದ ಗ್ರೋಜ್ನಿ ನಗರದ ವೃದ್ಧಾಶ್ರಮದಲ್ಲಿ ಸಿಕ್ಕಿಕೊಂಡಿದ್ದ ಮುದುಕರನ್ನು ಹೊರತರಲು ಓಡಾಡಿದಳು.

ಇದಕ್ಕೆ ತೆತ್ತ ಬೆಲೆ ಸಣ್ಣದಲ್ಲ. 2001ರಲ್ಲಿ ಸೇನೆ ಆಕೆಯನ್ನು ಹಿಡಿದಿಟ್ಟು ಬೆದರಿಸಿತು. 2002ರಲ್ಲಿ ಚೆಚೆನ್ ಬಂಡುಕೋರರು ಮಾಸ್ಕೋದ ರಂಗಮಂದಿರವೊಂದರಲ್ಲಿ ನೂರಾರು ಜನರನ್ನು ಒತ್ತೆಯಿಟ್ಟುಕೊಂಡಾಗ, ಮಾತುಕತೆಗೆಂದು ಒಳಗೆ ಹೋಗಿ, ಒತ್ತೆಯಾಳುಗಳಿಗೆ ಕುಡಿಯಲು ತಲುಪಿಸಿದಳು. 2004ರಲ್ಲಿ ಬೆಸ್ಲಾನ್ ಶಾಲೆಯ ಮಕ್ಕಳು ಒತ್ತೆಯಲ್ಲಿದ್ದಾಗ ಅಲ್ಲಿಗೆ ಹೊರಟವಳು, ವಿಮಾನದಲ್ಲಿ ಚಹಾ ಕುಡಿದ ಮೇಲೆ ಪ್ರಜ್ಞೆ ತಪ್ಪಿದಳು. ವಿಷಪ್ರಾಶನವೆಂದೇ ಆಕೆ ನಂಬಿದ್ದಳು. 2006ರ ಅಕ್ಟೋಬರ್ 7ರಂದು ಅಂಗಡಿಯಿಂದ ಮನೆಸಾಮಾನು ತರುತ್ತಿದ್ದಾಗ, ತಾನಿದ್ದ ಕಟ್ಟಡದ ಲಿಫ್ಟಿನಲ್ಲೇ ಗುಂಡಿಗೆ ಬಲಿಯಾದಳು. ಆಗ ಮಗಳು ಗರ್ಭಿಣಿ. ಹುಟ್ಟಿದ ಮಗುವಿಗೆ ಅಜ್ಜಿಯ ಹೆಸರನ್ನೇ ಇಟ್ಟಳು.

ನಮ್ಮ ಸ್ಟಾಫ್ ರೂಮಿನಲ್ಲಿ ಈಕೆಯ ವಿಷಯ ಹೇಳಿದಾಗ ಗೆಳತಿಯೊಬ್ಬರು, "ಪಾಪ, ಮಕ್ಕಳಿದ್ದವಳಿಗೆ ಇದೆಲ್ಲ ಬೇಕಿತ್ತೇನ್ರೀ?" ಎಂದರು. ಪ್ರಶ್ನೆಯಲ್ಲಿ ಕರುಣೆಯಿತ್ತು. ಆದರೂ ಯೋಚಿಸಿ ನೋಡಿ: ಹಾಲುಗಲ್ಲದ ಮಕ್ಕಳನ್ನು ಬಿಟ್ಟು ಯುದ್ಧಕ್ಕೆ ಹೋದ ಗಂಡಸನ್ನು ನಾವು ವೀರನೆನ್ನುತ್ತೇವೆ, ಅವನಿಗೆ ಈ ಪ್ರಶ್ನೆ ಕೇಳುವುದಿಲ್ಲ. ತಾಯಿಯಾದವಳಿಗೆ ಮಾತ್ರ ಸತ್ಯದ ಮುಂದೆಯೂ ಹೊಸಿಲು ಅಡ್ಡ ಬರಬೇಕೇ?

ಇನ್ನೊಂದು ಮಾತಿದೆ. ಸರ್ವಾಧಿಕಾರ ಬೆಳೆಯಲು ಜನರೆಲ್ಲ ಕ್ರೂರಿಗಳಾಗಬೇಕಿಲ್ಲ. ಪ್ರತಿಯೊಬ್ಬರೂ ತಮ್ಮ ತಮ್ಮ ಮಕ್ಕಳನ್ನಷ್ಟೇ ನೋಡಿಕೊಂಡರೆ ಸಾಕು. ನಮ್ಮ ವಾತ್ಸಲ್ಯವನ್ನೇ ಹಗ್ಗ ಮಾಡಿ ನಮ್ಮ ಬಾಯಿ ಕಟ್ಟುವುದು ಅದಕ್ಕೆ ಚೆನ್ನಾಗಿ ಗೊತ್ತು. ಪಕ್ಕದ ಮನೆಯ ಮಗ ಕಾಣೆಯಾದಾಗ ಬಾಗಿಲು ಹಾಕಿಕೊಂಡ ಮನೆಗೂ ಒಂದು ದಿನ ಬೂಟಿನ ಸಪ್ಪಳ ಬಂದೀತು. ಅನ್ನಾ ತನ್ನ ಮಕ್ಕಳನ್ನು ಕಡಿಮೆ ಪ್ರೀತಿಸಿದಳೆಂದು ನನಗನ್ನಿಸುವುದಿಲ್ಲ. ಮಕ್ಕಳೆಂದರೆ ಏನೆಂದು ಬಲ್ಲವಳಾದ್ದರಿಂದಲೇ ಬೇರೆ ತಾಯಂದಿರ ಅಳು ಆಕೆಗೆ ಕೇಳಿಸಿತು.

ಹಾಗೆಂದು ಆ ಇಬ್ಬರು ಮಕ್ಕಳ ದುಃಖವನ್ನು ತಕ್ಕಡಿಯಲ್ಲಿಟ್ಟು ತೂಗುವ ಅಧಿಕಾರ ನಮಗಿಲ್ಲ. ಇಂಥ ತ್ಯಾಗವನ್ನು ಯಾರೂ ಯಾರಿಂದಲೂ ಕೇಳಬಾರದು. ಕೇಳದೆಯೇ ಕೊಟ್ಟವರನ್ನು ಬುದ್ಧಿಗೇಡಿಗಳೆನ್ನುವುದು ಮಾತ್ರ ಅನ್ಯಾಯ.

2014ರಲ್ಲಿ ಐವರಿಗೆ ಶಿಕ್ಷೆಯಾಯಿತು. ಕೊಲ್ಲಿಸಿದವರು ಯಾರೆಂಬುದು ಹೊರಬೀಳಲೇ ಇಲ್ಲ. ಆ ಐವರಲ್ಲೊಬ್ಬ ಉಕ್ರೇನ್ ಯುದ್ಧಕ್ಕೆ ಹೋಗಿ ಕ್ಷಮಾದಾನ ಪಡೆದನೆಂದು 2023ರಲ್ಲಿ ತಿಳಿದುಬಂತು. ಪತ್ರಿಕೆಯ ಸಂಪಾದಕ ದ್ಮಿತ್ರಿ ಮುರಾತೊವ್‌ಗೆ 2021ರ ನೊಬೆಲ್ ಶಾಂತಿ ಪ್ರಶಸ್ತಿಯಲ್ಲಿ ಪಾಲು ಸಿಕ್ಕಾಗ, ಅದು ಕೊಲೆಯಾದ ತನ್ನ ಸಹೋದ್ಯೋಗಿಗಳಿಗೆ ಸಲ್ಲಬೇಕಾದದ್ದೆಂದರು. ಮರುವರ್ಷವೇ ಆ ಪತ್ರಿಕೆ ರಷ್ಯಾದಲ್ಲಿ ನಿಂತುಹೋಯಿತು.

ನಮ್ಮಲ್ಲಿ ಎಲ್ಲರೂ ಅನ್ನಾ ಆಗಲಾರೆವು, ಆಗಬೇಕಾಗಿಯೂ ಇಲ್ಲ. ಆದರೆ ಪ್ರಾಣವೊತ್ತೆಯಿಟ್ಟು ಬರೆದದ್ದನ್ನು ಪೂರ್ತಿ ಓದುವಷ್ಟು, ಓದಿದ್ದನ್ನು ಊಟದ ಹೊತ್ತಿನಲ್ಲಿ ಮಕ್ಕಳಿಗೆ ಹೇಳುವಷ್ಟು ಧೈರ್ಯ ನಮಗೂ ಇರಬೇಕು. "ಅವಳಿಗೇಕೆ ಬೇಕಿತ್ತು" ಎನ್ನುವ ಬದಲು "ಅವಳೊಬ್ಬಳೇ ಏಕೆ ಹೋಗಬೇಕಾಯಿತು" ಎಂದು ಕೇಳಿಕೊಂಡರೆ, ಪ್ರಶ್ನೆ ಸರಿಯಾದ ಮನೆಯ ಬಾಗಿಲು ತಟ್ಟುತ್ತದೆ.